ಪಾಲಿನ ದಾವೆಯ ತೀರ್ಪು, ಮೀರಿದ ಗಡುವು: ‘ರಿವ್ಯೂ’ ಹಾಕುವ ಮುನ್ನ

ಪಾಲಿನ ದಾವೆಯಲ್ಲಿ ಸೋತವರು ಮತ್ತೆ ಕೋರ್ಟಿನ ಕಡೆ ಬರುವುದು ತೀರ್ಪಿನ ಮರುದಿನವಲ್ಲ. ಪಹಣಿಯ ಒಂಬತ್ತನೇ ಕಾಲಮ್ಮಿನಲ್ಲಿ ತಮ್ಮ ಹೆಸರು ಮಾಯವಾದದ್ದು ಕಂಡಾಗ, ಇಲ್ಲವೇ ಕೋರ್ಟ್ ಕಮಿಷನರ್ ಜೊತೆ ಸರ್ವೇಯರ್ ಹೊಲಕ್ಕೆ ಬಂದು ಕಲ್ಲು ನೆಡಲು ಜಾಗ ನೋಡುವಾಗ ಬರುತ್ತಾರೆ. ಅಷ್ಟರಲ್ಲಿ ಆರು ತಿಂಗಳೋ ಆರು ವರ್ಷವೋ ಉರುಳಿರುತ್ತದೆ. ಬಂದವರು ಕೇಳುವುದು ಒಂದೇ: ‘ರಿವ್ಯೂ ಹಾಕಿಬಿಡಿ ಸಾರ್’. ಅವರಲ್ಲಿ ಹೆಚ್ಚಿನವರಿಗೆ ಬೇಕಿರುವುದು ರಿವ್ಯೂ ಅಲ್ಲವೇ ಅಲ್ಲ. ತಪ್ಪು ಬಾಗಿಲು ತಟ್ಟಿ ಒಂದು ವರ್ಷ ಕಳೆದ ಮೇಲೆ ಸರಿಯಾದ ಬಾಗಿಲಿಗೆ ಹೋದರೆ, ಆ ಒಂದು ವರ್ಷಕ್ಕೂ ಕಾರಣ ಕೊಡಬೇಕಾಗುತ್ತದೆ. ತಡವಾದ ಅರ್ಜಿಗಳು ಬೀಳುವುದು ಬಹಳಷ್ಟು ಸಲ ಇಲ್ಲಿಯೇ.

ಹಾಗಾಗಿ ಮೊದಲ ಕೆಲಸ ಅರ್ಜಿ ಬರೆಯುವುದಲ್ಲ, ಕಡತ ನೋಡುವುದು. ಓ.ಎಸ್. ನಂಬರ್ (ಮೂಲ ದಾವೆಯ ಸಂಖ್ಯೆ) ಗೊತ್ತಿಲ್ಲದಿದ್ದರೆ ಇ-ಕೋರ್ಟ್ಸ್ ತಾಣದಲ್ಲಿ ಕಕ್ಷಿದಾರರ ಹೆಸರು ಹಾಕಿ ಹುಡುಕಿದರೆ ಹದಿನಾರು ಅಕ್ಷರ-ಅಂಕಿಗಳ ಸಿ.ಎನ್.ಆರ್. ಸಂಖ್ಯೆ ಸಿಗುತ್ತದೆ. ಆಮೇಲೆ ಕಡತ ಪರಿಶೀಲನೆಗೆ ಅರ್ಜಿ ಹಾಕಿ ನಾಲ್ಕು ಸಂಗತಿ ನೋಡಬೇಕು. ನಿಮ್ಮ ಹೆಸರಿನ ಸಮನ್ಸ್ ಹೇಗೆ ಜಾರಿಯಾಯಿತು; ನಿಮ್ಮ ಪರ ವಕಾಲತ್ತು ಇದೆಯೇ, ಅದರ ಮೇಲಿನ ಸಹಿ ಯಾರದು; ತೀರ್ಪು ವಾದ ಕೇಳಿ ಬಂದದ್ದೋ, ಏಕಪಕ್ಷೀಯವೋ, ರಾಜಿಯೋ; ಬಂದಿರುವುದು ಪ್ರಾಥಮಿಕ ಡಿಕ್ರಿಯೋ ಅಂತಿಮ ಡಿಕ್ರಿಯೋ. ಕೊನೆಯದು ತಿಳಿಯಲು ತೀರ್ಪಿನ ಕಡೆಯ ಪುಟ ಸಾಕು. ‘ವಾದಿಗೆ 1/4 ಪಾಲು ಇದೆ’ ಎಂದು ಘೋಷಿಸಿ, ಹಂಚಿಕೆಯನ್ನು ಮುಂದಕ್ಕೆ ಬಿಟ್ಟಿದ್ದರೆ ಅದು ಪ್ರಾಥಮಿಕ. ಸರ್ವೆ ನಂಬರಿನ ಯಾವ ಬದಿಯ ಎಷ್ಟು ಗುಂಟೆ ಯಾರಿಗೆ ಎಂದು ನಕ್ಷೆ ಸಮೇತ ಹೇಳಿದ್ದರೆ ಅಂತಿಮ. ಈ ವ್ಯತ್ಯಾಸದ ಮೇಲೆ ಮುಂದಿನ ದಾರಿಯೆಲ್ಲ ನಿಂತಿದೆ.

ಈಗ ರಿವ್ಯೂ ಎಂದರೇನು ನೋಡೋಣ. ಸಿಪಿಸಿಯ (ಸಿವಿಲ್ ಪ್ರಕ್ರಿಯಾ ಸಂಹಿತೆಯ) ಆರ್ಡರ್ 47 ರೂಲ್ 1ರ ಕೆಳಗೆ ತೀರ್ಪು ಕೊಟ್ಟ ನ್ಯಾಯಾಲಯವೇ ತನ್ನ ತೀರ್ಪನ್ನು ಮತ್ತೆ ನೋಡುತ್ತದೆ. ಕಾಲಮಿತಿ ಕಾಯ್ದೆಯ 124ನೇ ಅನುಚ್ಛೇದದಂತೆ ಗಡುವು 30 ದಿನ. ಆಧಾರಗಳು ಮೂರೇ: ಎಷ್ಟು ಎಚ್ಚರ ವಹಿಸಿದ್ದರೂ ಆಗ ಸಿಗದೆ ಈಗ ಸಿಕ್ಕ ಮುಖ್ಯ ಸಾಕ್ಷ್ಯ, ದಾಖಲೆಯ ಮೇಲೆಯೇ ಎದ್ದು ಕಾಣುವ ತಪ್ಪು, ಇವೆರಡಕ್ಕೆ ಸಮನಾದ ಬೇರೆ ಕಾರಣ. ‘ನ್ಯಾಯಾಧೀಶರು ಸಾಕ್ಷಿಯನ್ನು ಸರಿಯಾಗಿ ನಂಬಲಿಲ್ಲ’ ಎಂಬುದು ಅಪೀಲಿನ ಮಾತು, ರಿವ್ಯೂಗೆ ಬರುವುದಿಲ್ಲ. ಐದು ಜನ ಪಾಲುದಾರರು ಎಂದು ತೀರ್ಪಿನ ಒಳಗೆ ಒಪ್ಪಿಕೊಂಡು ಕೊನೆಗೆ 1/4 ಎಂದು ಬರೆದಿದ್ದರೆ ಅದು ಎದ್ದು ಕಾಣುವ ತಪ್ಪು. ಷೆಡ್ಯೂಲಿನಲ್ಲಿ 2 ಎಕರೆ 20 ಗುಂಟೆ ಇದ್ದದ್ದು ಡಿಕ್ರಿಯಲ್ಲಿ ಬರೀ 20 ಗುಂಟೆಯಾಗಿದ್ದರೆ ಅದಕ್ಕೆ ರಿವ್ಯೂ ಕೂಡ ಬೇಡ. ಸೆಕ್ಷನ್ 152ರ ಕೆಳಗೆ ಬರಹದ ತಪ್ಪು, ಲೆಕ್ಕದ ತಪ್ಪನ್ನು ಯಾವಾಗ ಬೇಕಾದರೂ ತಿದ್ದಿಸಬಹುದು; ವಿಳಂಬದ ಪ್ರಶ್ನೆಯೇ ಏಳುವುದಿಲ್ಲ.

ಹೊಸ ಸಾಕ್ಷ್ಯ ಎಂಬುದು ಕೇಳಲು ಸುಲಭ, ದಕ್ಕಿಸಿಕೊಳ್ಳಲು ಕಷ್ಟ. ಹಳೆಯ ನೋಂದಾಯಿತ ಪಾಲುಪಟ್ಟಿಯ ನಕಲು ಈಗ ಸಿಕ್ಕಿತು ಎಂದು ತಂದರೆ, ಎದುರು ವಕೀಲರ ಮೊದಲ ಪ್ರಶ್ನೆ: ದಾವೆ ನಡೆಯುವಾಗ ಉಪನೋಂದಣಾಧಿಕಾರಿ ಕಚೇರಿಯಲ್ಲಿ ಇ.ಸಿ. (ಋಣಭಾರ ಪತ್ರ) ಯಾಕೆ ತೆಗೆಸಲಿಲ್ಲ? ನೋಂದಾಯಿತ ದಾಖಲೆ ಯಾರು ಕೇಳಿದರೂ ಸಿಗುವಂಥದ್ದು. ತೀರಿಹೋದ ದೊಡ್ಡಪ್ಪನ ಟ್ರಂಕಿನಲ್ಲಿ ಸಿಕ್ಕ ನೋಂದಣಿಯಾಗದ ಪಂಚಾಯ್ತಿ ಪಾರೀಕತ್ತಿಗೆ (ಪಾಲುಪತ್ರಕ್ಕೆ) ಆ ಪ್ರಶ್ನೆ ಇಲ್ಲ, ಆದರೆ ಅದರ ಸಾಚಾತನದ ಪ್ರಶ್ನೆ ಬರುತ್ತದೆ.

ರಿವ್ಯೂ ಆರಿಸಿಕೊಳ್ಳುವವರಿಗೆ ಇನ್ನೂ ಮೂರು ಮುಳ್ಳುಗಳಿವೆ. ಅಪೀಲು ಹಾಕಿದ ಮೇಲೆ ಅದೇ ಕಕ್ಷಿದಾರ ರಿವ್ಯೂ ಹಾಕುವಂತಿಲ್ಲ. ರಿವ್ಯೂ ವಜಾ ಆದರೆ ಆ ಆದೇಶದ ಮೇಲೆ ಅಪೀಲಿಲ್ಲ, ಎರಡನೇ ರಿವ್ಯೂ ಕೂಡ ಇಲ್ಲ. ಮತ್ತು ರಿವ್ಯೂ ಬಾಕಿ ಇದೆಯೆಂದು ಅಪೀಲಿನ ಗಡಿಯಾರ ನಿಲ್ಲುವುದಿಲ್ಲ. ರಿವ್ಯೂ ವಜಾ ಆದ ಮೇಲೆ ಅಪೀಲು ಹೋಗಬೇಕಾದದ್ದು ಮೂಲ ತೀರ್ಪಿನ ಮೇಲೆ, ದಿನ ಎಣಿಸಬೇಕಾದದ್ದೂ ಆ ತೀರ್ಪಿನಿಂದಲೇ. ನಡುವಿನ ಅವಧಿಯನ್ನು ಪ್ರಾಮಾಣಿಕವಾಗಿ ರಿವ್ಯೂನಲ್ಲಿ ಕಳೆದೆವೆಂದು ವಿಳಂಬ ಮನ್ನಿಸಿ ಎಂದು ಕೇಳುವ ಅರ್ಜಿಯಲ್ಲಿ ತೋರಿಸಿಕೊಳ್ಳಬೇಕು.

ಹೆಣ್ಣುಮಕ್ಕಳ ಪಾಲಿನ ವಿಷಯಕ್ಕೆ ಬಂದರೆ ಈ ಗೊಂದಲ ಇನ್ನೂ ದಟ್ಟ. ಹಿಂದೂ ಉತ್ತರಾಧಿಕಾರ ಕಾಯ್ದೆಗೆ 1994ರ ಜುಲೈ 30ರಿಂದ ಜಾರಿಗೆ ಬಂದ, ಹೆಣ್ಣುಮಕ್ಕಳಿಗೂ ಪಾಲು ಕೊಟ್ಟ ಕರ್ನಾಟಕದ ತಿದ್ದುಪಡಿ ಅದಕ್ಕೂ ಮೊದಲು ಮದುವೆಯಾದ ಹೆಣ್ಣುಮಕ್ಕಳನ್ನು ಹೊರಗಿಟ್ಟಿತ್ತು. 2005ರ ಸೆಪ್ಟೆಂಬರ್ 9ರ ಕೇಂದ್ರ ತಿದ್ದುಪಡಿ ಆ ಭೇದ ತೆಗೆಯಿತು. ಆ ದಿನ ತಂದೆ ಬದುಕಿರಬೇಕು ಎಂದು 2015ರಲ್ಲಿ ಪ್ರಕಾಶ್ ವಿರುದ್ಧ ಫೂಲಾವತಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಅದು ನಮ್ಮ ಕರ್ನಾಟಕದಿಂದಲೇ ಹೋದ ಪ್ರಕರಣ. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ತ್ರಿಸದಸ್ಯ ಪೀಠ ಅದನ್ನು ತಳ್ಳಿಹಾಕಿ, ತಂದೆ ಬದುಕಿರಬೇಕಿಲ್ಲ, ಮಗಳ ಹಕ್ಕು ಹುಟ್ಟಿನಿಂದಲೇ ಬಂದದ್ದು ಎಂದಿತು. ಆಗ ಹಳೆಯ ತೀರ್ಪು ಹಿಡಿದುಕೊಂಡು ರಿವ್ಯೂಗೆ ಬಂದ ಅಕ್ಕತಂಗಿಯರಿಗೆ ಅಡ್ಡ ನಿಂತದ್ದು ಆರ್ಡರ್ 47 ರೂಲ್ 1ರ ಕೆಳಗಿರುವ ಒಂದು ವಿವರಣೆ. ಮೇಲಿನ ಕೋರ್ಟು ಆಮೇಲೆ ಕಾನೂನಿನ ಅರ್ಥ ಬದಲಿಸಿದ್ದು ರಿವ್ಯೂಗೆ ಆಧಾರವಾಗದು ಎಂದು ಅದು ನೇರವಾಗಿ ಹೇಳುತ್ತದೆ. ಗಡುವಿನೊಳಗೆ ಬಂದಿದ್ದರೂ ಅಷ್ಟೇ, ತಡವಾಗಿ ಬಂದರೂ ಅಷ್ಟೇ.

ಹಾಗೆಂದು ಅವರಿಗೆ ದಾರಿಯೇ ಇಲ್ಲವೆಂದಲ್ಲ. ಬಂದಿರುವುದು ಪ್ರಾಥಮಿಕ ಡಿಕ್ರಿ ಮಾತ್ರವಾಗಿದ್ದು ಅಂತಿಮ ಡಿಕ್ರಿ ಆಗಿರದಿದ್ದರೆ, ಎಫ್‌ಡಿಪಿ (ಅಂತಿಮ ಡಿಕ್ರಿಗಾಗಿ ನಡೆಯುವ ಪ್ರಕರಣ) ನಡೆಯುತ್ತಿರುವ ಕೋರ್ಟಿನಲ್ಲಿಯೇ ಪಾಲು ತಿದ್ದಲು ಅರ್ಜಿ ಹಾಕಬಹುದು. ಪಾಲಿನ ದಾವೆಯಲ್ಲಿ ಒಂದಕ್ಕಿಂತ ಹೆಚ್ಚು ಪ್ರಾಥಮಿಕ ಡಿಕ್ರಿ ಬರಬಹುದೆಂದು 1967ರ ಫೂಲ್‌ಚಂದ್ ಪ್ರಕರಣದಿಂದಲೇ ನಿಂತಿದೆ. ಬದಲಾದ ಕಾನೂನಿನಂತೆ ಪ್ರಾಥಮಿಕ ಡಿಕ್ರಿಯನ್ನು ತಿದ್ದಬಹುದೆಂದು 2011ರ ಗಂಡೂರಿ ಕೋಟೇಶ್ವರಮ್ಮ ತೀರ್ಪು ಹೇಳಿತು, ವಿನೀತಾ ಶರ್ಮಾ ತೀರ್ಪು ಅದನ್ನೇ ಗಟ್ಟಿಮಾಡಿತು. ಎಫ್‌ಡಿಪಿ ಹಾಕಲು ಕಾಲಮಿತಿ ಇಲ್ಲದ ಕಾರಣ ಹತ್ತು ಹದಿನೈದು ವರ್ಷ ಹಳೆಯ ಪ್ರಾಥಮಿಕ ಡಿಕ್ರಿಗಳೂ ಜೀವಂತವಾಗಿರುತ್ತವೆ. ಅಂದರೆ ಇಂಥವರಿಗೆ ವಿಳಂಬ ಮನ್ನಾದ ಗೋಜೇ ಇಲ್ಲ. ಹುಷಾರಾಗಿರಬೇಕಾದದ್ದು ಎರಡು ಕಡೆ. 2004ರ ಡಿಸೆಂಬರ್ 20ಕ್ಕೆ ಮೊದಲು ನೋಂದಾಯಿತ ಪತ್ರದಿಂದಲೋ ಕೋರ್ಟಿನ ಡಿಕ್ರಿಯಿಂದಲೋ ಪಾಲು ಪೂರ್ತಿಯಾಗಿದ್ದರೆ ಅದನ್ನು ಕದಲಿಸಲಾಗದು. ಹಾಗೆಯೇ, ಪ್ರಾಥಮಿಕ ಡಿಕ್ರಿಯೇ ತಪ್ಪು ಎನ್ನುವವರು ಆಗಲೇ ಅಪೀಲು ಹಾಕದೆ ಅಂತಿಮ ಡಿಕ್ರಿಯ ಅಪೀಲಿನಲ್ಲಿ ಅದನ್ನು ಎತ್ತಲು ಸಿಪಿಸಿಯ ಸೆಕ್ಷನ್ 97 ಬಿಡುವುದಿಲ್ಲ.

ಏಕಪಕ್ಷೀಯ ಡಿಕ್ರಿ ಆಗಿದ್ದರೆ ದಾರಿ ಆರ್ಡರ್ 9 ರೂಲ್ 13. ಗಡುವು 30 ದಿನವೇ, ಆದರೆ ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ ಆ 30 ದಿನ ಶುರುವಾಗುವುದು ಡಿಕ್ರಿಯ ವಿಷಯ ತಿಳಿದ ದಿನದಿಂದ. ಇಲ್ಲಿ ಸಮನ್ಸಿನ ಹಿಂಬದಿಯ ಷರಾ ಓದುವುದು ದೊಡ್ಡ ಕೆಲಸ. ಮದುವೆಯಾಗಿ ಬೇರೆ ಊರಿನಲ್ಲಿರುವ ತಂಗಿಯ ವಿಳಾಸವೆಂದು ತವರುಮನೆಯನ್ನೇ ಕೊಟ್ಟಿರುತ್ತಾರೆ. ಪ್ರೋಸೆಸ್ ಸರ್ವರ್ ಹೋದಾಗ ಅಣ್ಣನೇ ಸಹಿ ಹಾಕಿ ತೆಗೆದುಕೊಂಡಿರುತ್ತಾನೆ, ಇಲ್ಲವೇ ‘ಮನೆ ಬಾಗಿಲಿಗೆ ಅಂಟಿಸಲಾಗಿದೆ’ ಎಂದು ಇಬ್ಬರು ಸಾಕ್ಷಿಗಳ ಸಹಿ ಇರುತ್ತದೆ. ಕುಟುಂಬದವರ ಕೈಗೆ ಕೊಟ್ಟರೆ ಸಾಕೆನ್ನುವ ಆರ್ಡರ್ 5 ರೂಲ್ 15 ಕೇಳುವುದು ಪ್ರತಿವಾದಿಯ ಜೊತೆಯಲ್ಲಿಯೇ ವಾಸವಿರುವ ವಯಸ್ಕ ಸದಸ್ಯರನ್ನು. ಗಂಡನ ಮನೆಯಲ್ಲಿರುವವಳಿಗೆ ತವರಿನ ಅಣ್ಣ ಆ ಲೆಕ್ಕಕ್ಕೆ ಬರುವುದಿಲ್ಲ, ಅದರಲ್ಲೂ ಅವನೇ ಆ ದಾವೆಯ ವಾದಿಯಾಗಿದ್ದರೆ ಕೇಳಲೇಬೇಡಿ. ಇದನ್ನು ತೋರಿಸಲು ಆ ಕಾಲದ ರೇಷನ್ ಕಾರ್ಡ್, ಮತದಾರರ ಪಟ್ಟಿಯ ಪುಟ, ಮಕ್ಕಳ ಶಾಲೆಯ ದಾಖಲೆಯಲ್ಲಿನ ವಿಳಾಸ ಬೇಕು. ಈಗಿನ ಆಧಾರ್ ಕಾರ್ಡ್ ಆಗಿನ ವಾಸವನ್ನು ಹೇಳುವುದಿಲ್ಲ. ಆದರೆ ಜಾರಿಯಲ್ಲಿ ಲೋಪವಿದ್ದರೂ ವಿಚಾರಣೆಯ ದಿನಾಂಕ ನಿಮಗೆ ತಿಳಿದಿತ್ತು, ಬರಲು ಸಮಯವೂ ಇತ್ತು ಎಂದು ಎದುರಿನವರು ತೋರಿಸಿದರೆ ಡಿಕ್ರಿ ಉಳಿಯುತ್ತದೆ.

ರಾಜಿ ಡಿಕ್ರಿಗೆ ಅಪೀಲಿಲ್ಲ. ರಾಜಿಯೇ ಮೋಸದ್ದೆಂದು ಹೊಸ ದಾವೆ ಹಾಕಲೂ ಆರ್ಡರ್ 23 ರೂಲ್ 3ಎ ತಡೆ ಒಡ್ಡುತ್ತದೆ. ರಾಜಿ ದಾಖಲಿಸಿದ ಕೋರ್ಟಿಗೇ ಅರ್ಜಿ ಹಾಕಬೇಕು. ಲೋಕ ಅದಾಲತ್ತಿನಲ್ಲಿ ಮುಗಿದಿದ್ದರೆ ಹೈಕೋರ್ಟಿನಲ್ಲಿ ರಿಟ್ ಮಾತ್ರ, ಅದೂ ತೀರಾ ಸೀಮಿತ ಆಧಾರಗಳ ಮೇಲೆ. ದಾವೆಯಲ್ಲಿ ಪಕ್ಷಕಾರರೇ ಆಗಿರದ ವಾರಸುದಾರರಿಗೆ ಆ ಡಿಕ್ರಿ ಕಟ್ಟುವುದೇ ಇಲ್ಲ. ಅವರು ಹಳೆಯ ತೀರ್ಪಿನ ಬೆನ್ನು ಹತ್ತಿ ವಿಳಂಬ ಮನ್ನಾ ಕೇಳುವ ಬದಲು ತಮ್ಮ ಪಾಲಿಗೆ ಹೊಸ ದಾವೆ ಹಾಕುವುದು ಮೇಲು. ತಮ್ಮನ್ನು ಹೊರಗಿಟ್ಟದ್ದು ತಿಳಿದ ದಿನದಿಂದ 12 ವರ್ಷದ ಅವಕಾಶ ಕಾಲಮಿತಿ ಕಾಯ್ದೆಯ 110ನೇ ಅನುಚ್ಛೇದದಲ್ಲಿದೆ.

ಇಷ್ಟೆಲ್ಲ ಸೋಸಿದ ಮೇಲೂ ಅಪೀಲೇ ದಾರಿ ಎಂದಾದರೆ, ಯಾವ ಕೋರ್ಟು ಎಂಬುದರ ಮೇಲೆ ಗಡುವು ನಿಂತಿದೆ. ಕಿರಿಯ ಸಿವಿಲ್ ನ್ಯಾಯಾಧೀಶರ ತೀರ್ಪಿನಿಂದ ಹಿರಿಯ ಸಿವಿಲ್ ನ್ಯಾಯಾಧೀಶರ ಬಳಿಗೆ ಹೋಗಲು 30 ದಿನ. ಹಿರಿಯ ಸಿವಿಲ್ ನ್ಯಾಯಾಧೀಶರ ತೀರ್ಪಾದರೆ ದಾವೆಯ ಮೌಲ್ಯ ನೋಡಿ ಜಿಲ್ಲಾ ನ್ಯಾಯಾಲಯ ಅಥವಾ ಹೈಕೋರ್ಟ್. ಜಿಲ್ಲೆಗಾದರೆ 30, ಹೈಕೋರ್ಟಿಗಾದರೆ 90 ದಿನ. ಬೆಂಗಳೂರಿನ ಸಿಟಿ ಸಿವಿಲ್ ಕೋರ್ಟಿನ ಡಿಕ್ರಿ ನೇರ ಹೈಕೋರ್ಟಿಗೆ. ‘ಅಪೀಲಿಗೆ ಮೂರು ತಿಂಗಳು ಇದೆ’ ಎಂದು ಯಾರೋ ಹೇಳಿದ್ದನ್ನು ನಂಬಿ ತಾಲ್ಲೂಕು ಕೋರ್ಟಿನ ತೀರ್ಪನ್ನು ಹಿಡಿದು ಕುಳಿತವರು ಬಹಳ. ಮೌಲ್ಯ ತಿಳಿಯಲು ದಾವಾಪತ್ರದ ಜೊತೆಗಿನ ವ್ಯಾಲ್ಯುಯೇಷನ್ ಸ್ಲಿಪ್ ನೋಡಿ. ಜಮೀನಿನ ಇಂದಿನ ಮಾರುಕಟ್ಟೆ ದರ ಇಲ್ಲಿ ಲೆಕ್ಕಕ್ಕಿಲ್ಲ.

ಇನ್ನು ದಿನಗಳ ಲೆಕ್ಕ. ಒಂದು ಉದಾಹರಣೆ ಇಟ್ಟುಕೊಳ್ಳಿ: ತೀರ್ಪು 2023ರ ಜುಲೈ 7ರಂದು, ಅಪೀಲು ಜಿಲ್ಲಾ ನ್ಯಾಯಾಲಯಕ್ಕೆ. ತೀರ್ಪಿನ ದಿನ ಬಿಟ್ಟು 30 ದಿನ ಎಣಿಸಿದರೆ ಆಗಸ್ಟ್ 6. ಪ್ರಮಾಣೀಕೃತ ನಕಲಿಗೆ ಜುಲೈ 24ರಂದು ಅರ್ಜಿ ಹಾಕಿ, ನಕಲು ಆಗಸ್ಟ್ 4ಕ್ಕೆ ಸಿದ್ಧವಾಗಿದ್ದರೆ, ಎರಡೂ ದಿನ ಸೇರಿ 12 ದಿನವನ್ನು ಕಾಲಮಿತಿ ಕಾಯ್ದೆಯ ಸೆಕ್ಷನ್ 12 ಬಿಟ್ಟುಕೊಡುತ್ತದೆ. ಕೊನೆಯ ದಿನ ಆಗಸ್ಟ್ 18. ಅಪೀಲು ಹಾಕಿದ್ದು 2024ರ ಫೆಬ್ರವರಿ 12ರಂದು ಎಂದಾದರೆ ವಿಳಂಬ 178 ದಿನ. ನಕಲಿಗೆ ಅರ್ಜಿ ಹಾಕಿದ್ದೇ ಗಡುವು ಮುಗಿದ ಮೇಲೆ ಎಂದಾಗಿದ್ದರೆ ಆ 12 ದಿನ ಸಿಗದು, ವಿಳಂಬ 190 ಆಗುತ್ತದೆ. ಈ ದಿನಾಂಕಗಳೆಲ್ಲ ಪ್ರಮಾಣೀಕೃತ ನಕಲಿನ ಹಿಂಬದಿಯ ಮೊಹರಿನಲ್ಲಿ ಇರುತ್ತವೆ: ಅರ್ಜಿ ಕೊಟ್ಟದ್ದು, ಶುಲ್ಕ ಕೇಳಿದ್ದು, ಕಟ್ಟಿದ್ದು, ನಕಲು ಸಿದ್ಧವಾದದ್ದು, ಪಡೆದದ್ದು. ಶುಲ್ಕ ಕಟ್ಟಲು ನೀವು ತಡಮಾಡಿದ ದಿನ, ಸಿದ್ಧವಾದ ಮೇಲೂ ಹೋಗಿ ತಾರದ ದಿನ ನಿಮ್ಮ ತಲೆಯ ಮೇಲೆಯೇ. ಡಿಕ್ರಿ ಇನ್ನೂ ಬರೆದಾಗಿಲ್ಲ ಎಂದು ಕಾಯುವುದೂ ಬೇಡ. ಆರ್ಡರ್ 20 ರೂಲ್ 6ಎ ಪ್ರಕಾರ ತೀರ್ಪಿನ ನಕಲಿನ ಮೇಲೆಯೇ ಅಪೀಲು ಹಾಕಬಹುದು.

ಹಳೆಯ ತೀರ್ಪುಗಳಿಗೆ ಕೋವಿಡ್ ಕಾಲದ ರಿಯಾಯಿತಿ ಇದೆ. 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ಅವಧಿಯನ್ನು ಕಾಲಮಿತಿಯ ಲೆಕ್ಕದಿಂದ ಸುಪ್ರೀಂ ಕೋರ್ಟ್ ಹೊರಗಿಟ್ಟಿದೆ. ಗಡುವು ಆ ಮಾರ್ಚ್ 15ಕ್ಕೆ ಮೊದಲೇ ಮುಗಿದುಹೋಗಿದ್ದವರಿಗೆ ಇದರ ಲಾಭವಿಲ್ಲ. ಅರ್ಜಿಯಲ್ಲಿ ಸುಮ್ಮನೆ ‘ಕೋವಿಡ್ ಕಾರಣದಿಂದ’ ಎಂದು ಬರೆದರೆ ಆಗಲಿಲ್ಲ, ದಿನ ಕಳೆದು ತೋರಿಸಬೇಕು.

ವಿಳಂಬ ಮನ್ನಾ ಅರ್ಜಿ ಕಾಲಮಿತಿ ಕಾಯ್ದೆಯ ಸೆಕ್ಷನ್ 5ರ ಕೆಳಗೆ ಒಂದು ಐ.ಎ. (ಮಧ್ಯಂತರ ಅರ್ಜಿ) ಆಗಿ, ಅಫಿಡವಿಟ್ ಸಮೇತ ಅಪೀಲಿನ ಜೊತೆಗೇ ಹೋಗಬೇಕು. ಮೊದಲ ಅಪೀಲಿಗೆ ಆರ್ಡರ್ 41 ರೂಲ್ 3ಎ ಇದನ್ನೇ ಕೇಳುತ್ತದೆ. ಅರ್ಜಿ ಜೊತೆಗಿಲ್ಲದಿದ್ದರೆ ಆಮೇಲೆ ಸರಿಪಡಿಸಲು ಬಿಡುತ್ತಾರೆ, ಆದರೆ ಅಲ್ಲಿಯವರೆಗೆ ಕಚೇರಿ ಆಕ್ಷೇಪಣೆಯಲ್ಲಿಯೇ ಕಡತ ಕೊಳೆಯುತ್ತದೆ. ಅಫಿಡವಿಟ್ಟನ್ನು ವಕೀಲರ ಕಂಪ್ಯೂಟರಿನಲ್ಲಿರುವ ಹಳೆಯ ಮಾದರಿಯಿಂದ ಇಳಿಸುವುದು ದೊಡ್ಡ ಕೇಡು. ‘ಅನಾರೋಗ್ಯ ಮತ್ತು ಹಣದ ಅಡಚಣೆಯಿಂದ’ ಎಂಬ ಒಂದು ವಾಕ್ಯಕ್ಕೆ ಬೆಲೆಯಿಲ್ಲ. ಬರೆಯಬೇಕಾದದ್ದು ತುಂಡು ತುಂಡಾಗಿ: ಆಗಸ್ಟ್ 18ರಿಂದ ಇಂಥ ದಿನದವರೆಗೆ ಏನು, ಅಲ್ಲಿಂದ ಮುಂದೆ ಏನು, ತಿಳಿದದ್ದು ಯಾವ ದಿನ, ಯಾರಿಂದ, ತಿಳಿದ ಮೇಲೆ ಏನೇನು ಮಾಡಿದಿರಿ. ಒಂದು ವಾರದ ಜ್ವರದ ಸರ್ಟಿಫಿಕೇಟು 178 ದಿನಕ್ಕೆ ಸಾಲದು. ಆಸ್ಪತ್ರೆಯ ಡಿಸ್‌ಚಾರ್ಜ್ ಸಾರಾಂಶ, ಆಮೇಲಿನ ಹೊರರೋಗಿ ಚೀಟಿಗಳು, ಔಷಧಿ ಬಿಲ್ಲು ದಿನಾಂಕದ ಕ್ರಮದಲ್ಲಿ ಜೋಡಿಸಿಡಿ. ಗಲ್ಫಿನಲ್ಲೋ ಅಮೆರಿಕದಲ್ಲೋ ಇದ್ದವರು ಪಾಸ್‌ಪೋರ್ಟಿನ ಮೊಹರಿನ ಪುಟಗಳನ್ನು ಕೊಡಲಿ. ಅಲ್ಲಿಂದಲೇ ಅಧಿಕಾರ ಪತ್ರ ಕಳುಹಿಸುವುದಾದರೆ ಅದು ಇಲ್ಲಿಗೆ ಬಂದ ಮೂರು ತಿಂಗಳೊಳಗೆ ಮುದ್ರಾಂಕ ಶುಲ್ಕ ಕಟ್ಟಿಸಬೇಕು.

‘ವಕೀಲರು ತಿಳಿಸಲಿಲ್ಲ’ ಎಂಬ ಕಾರಣವನ್ನು ಕೋರ್ಟುಗಳು ದಿನಾಲೂ ಕೇಳುತ್ತವೆ. 1998ರ ಎನ್. ಬಾಲಕೃಷ್ಣನ್ ಪ್ರಕರಣದಲ್ಲಿ 883 ದಿನಗಳ ವಿಳಂಬ ಮನ್ನಾ ಆಯಿತೆಂದು ಎಲ್ಲರೂ ತೋರಿಸುತ್ತಾರೆ. ಆ ಕಕ್ಷಿದಾರ ತನ್ನ ವಕೀಲರ ವಿರುದ್ಧ ಗ್ರಾಹಕ ವೇದಿಕೆಗೆ ಹೋಗಿ ಪರಿಹಾರ ಪಡೆದಿದ್ದ ಎಂಬುದನ್ನು ಹೇಳುವವರು ಕಡಿಮೆ. ವಿಳಂಬದ ಉದ್ದಕ್ಕಿಂತ ಕಾರಣದ ನಂಬಿಕೆ ಮುಖ್ಯ ಎಂದ ಆ ತೀರ್ಪಿನ ಬೆನ್ನಿಗೇ 2013ರ ಬಸವರಾಜ್ ತೀರ್ಪನ್ನೂ ಓದಬೇಕು. ಅಲ್ಲಿ ಐದೂವರೆ ವರ್ಷದ ವಿಳಂಬಕ್ಕೆ ಕೊಟ್ಟ ಅನಾರೋಗ್ಯದ ಕಾರಣ ನಿಲ್ಲಲಿಲ್ಲ. 2025ರ ಸೆಪ್ಟೆಂಬರಿನಲ್ಲಂತೂ ಕರ್ನಾಟಕ ಗೃಹ ಮಂಡಳಿಯ 3,966 ದಿನಗಳ ವಿಳಂಬವನ್ನು ಹೈಕೋರ್ಟ್ ಮನ್ನಿಸಿದ್ದನ್ನು ಸುಪ್ರೀಂ ಕೋರ್ಟ್ ರದ್ದುಮಾಡಿತು. ಈಗ ಗಾಳಿ ಬಿಗಿಯ ಕಡೆಗೇ ಬೀಸುತ್ತಿದೆ.

ಎದುರು ಕಡೆಯವರು ಕೈಕಟ್ಟಿ ಕೂರುವುದಿಲ್ಲ. ಗೆದ್ದ ಅಣ್ಣತಮ್ಮಂದಿರು ‘ನಮ್ಮನ್ನು ಕೇಳದೆ ಆದೇಶ ಮಾಡಬೇಡಿ’ ಎನ್ನುವ, 90 ದಿನ ಬಾಳುವ ಕೇವಿಯಟ್ ಹಾಕಿಟ್ಟಿರುತ್ತಾರೆ. ನೀವು ‘ನವೆಂಬರಿನಲ್ಲಿ ತಿಳಿಯಿತು’ ಎಂದರೆ ಅವರು ಸೆಪ್ಟೆಂಬರಿನ ಮ್ಯುಟೇಷನ್ ನೋಟಿಸಿಗೆ ನೀವು ಹಾಕಿದ ಸಹಿ ತರುತ್ತಾರೆ, ಇಲ್ಲವೇ ಗ್ರಾಮ ಲೆಕ್ಕಾಧಿಕಾರಿಯ ಮುಂದೆ ನೀವು ಕೊಟ್ಟ ತಕರಾರು ಅರ್ಜಿ. ತೀರ್ಪಿನ ಪ್ರಸ್ತಾಪವಿರುವ ವಾಟ್ಸಾಪ್ ಸಂದೇಶವೂ ಬರುತ್ತದೆ. ಆದ್ದರಿಂದ ತಿಳಿದ ದಿನವನ್ನು ಮುಂದಕ್ಕೆ ತಳ್ಳಿ ಬರೆಯುವ ಆಸೆಯನ್ನು ಬಿಡಬೇಕು. ನಿಜವಾಗಿ ತಿಳಿದ ದಿನ ಹೇಳಿ, ಅಲ್ಲಿಂದ ಮುಂದಿನ ತಡಕ್ಕೆ ಕಾರಣ ಕೊಡುವುದು ಒಂದು ಸುಳ್ಳು ದಿನಾಂಕಕ್ಕಿಂತ ಭದ್ರ. ತಕರಾರು ಗಟ್ಟಿಯಾಗಿದ್ದರೆ ಐ.ಎ. ಮೇಲೆಯೇ ಸಾಕ್ಷ್ಯ ನಡೆಯುತ್ತದೆ, ಅಫಿಡವಿಟ್ ಕೊಟ್ಟವರು ಪಾಟೀಸವಾಲಿಗೆ ಕಟಕಟೆ ಹತ್ತಬೇಕಾಗುತ್ತದೆ. ಮಗನಿಗೆ ಎಲ್ಲ ಗೊತ್ತಿದ್ದು ಏನೂ ಅರಿಯದ ಅಜ್ಜಿಯಿಂದ ಅಫಿಡವಿಟ್ ಹಾಕಿಸಿದರೆ ಆಗ ಬಣ್ಣ ಬಯಲಾಗುತ್ತದೆ.

ತಡವಾಗಿ ಬಂದವರಿಗೆ ಹೆಚ್ಚು ನೋಯುವ ಜಾಗ ತಡೆಯಾಜ್ಞೆ. ವಿಳಂಬ ತೀರ್ಮಾನವಾಗಿ ಅಪೀಲನ್ನು ವಿಚಾರಣೆಗೆ ಎತ್ತಿಕೊಳ್ಳುವವರೆಗೆ ಡಿಕ್ರಿಯ ಜಾರಿಗೆ ತಡೆ ಕೊಡಬಾರದೆಂದು ಆರ್ಡರ್ 41ರ ರೂಲ್ 3ಎ ಹೇಳುತ್ತದೆ. ಅಷ್ಟರಲ್ಲಿ ಅಂತಿಮ ಡಿಕ್ರಿ ಮುಗಿದು ಜಮೀನು ಮೂರನೆಯವರ ಕೈಸೇರಬಹುದು. ಅದಕ್ಕೇ ಕೆಳಗಿನ ಕೋರ್ಟಿನ ಎಫ್‌ಡಿಪಿಯಲ್ಲಿ ಹಾಜರಾಗಿ, ಕಮಿಷನರ್ ವರದಿಗೆ ಆಕ್ಷೇಪಣೆ ಸಲ್ಲಿಸುತ್ತಾ, ವಿಳಂಬದ ಐ.ಎ.ಯನ್ನು ಬೇಗ ಎತ್ತಿಕೊಳ್ಳಲು ಮೇಲಿನ ಕೋರ್ಟಿನಲ್ಲಿ ಮೆಮೋ ಹಾಕುತ್ತಿರಬೇಕು. ಈ ನಡುವೆ ಪಕ್ಷಕಾರರಲ್ಲಿ ಯಾರಾದರೂ ತೀರಿಕೊಂಡಿದ್ದರೆ ಅವರ ವಾರಸುದಾರರನ್ನೇ ಅಪೀಲಿನ ಶೀರ್ಷಿಕೆಯಲ್ಲಿ ಸೇರಿಸಿ. ಸತ್ತವರ ಮೇಲೆ ಹಾಕಿದ ಅಪೀಲಿಗೆ ಅಸ್ತಿತ್ವವೇ ಇಲ್ಲ, ದೊಡ್ಡ ಕುಟುಂಬಗಳಲ್ಲಿ ಇದು ಮತ್ತೆ ಮತ್ತೆ ಎಡವುವ ಕಲ್ಲು.

ಅರ್ಜಿ ಒಪ್ಪಿದರೆ ಸಾಮಾನ್ಯವಾಗಿ ಖರ್ಚು ಹಾಕುತ್ತಾರೆ. ಆದೇಶದಲ್ಲಿ ಹೇಳಿದ ದಿನದೊಳಗೆ ಅದನ್ನು ಕಟ್ಟಿ ರಸೀದಿಯನ್ನು ಕಡತಕ್ಕೆ ಸೇರಿಸದಿದ್ದರೆ ಮನ್ನಾ ಆದದ್ದೂ ಕೈತಪ್ಪಬಹುದು. ತಿರಸ್ಕರಿಸಿದರೆ ಮುಂದಿನ ದಾರಿ ಬಾಗಿಲಿಗೊಂದು ಬಗೆ. ವಿಳಂಬದ ಮೇಲೆ ಮೊದಲ ಅಪೀಲೇ ವಜಾ ಆದರೆ ಅದೂ ಡಿಕ್ರಿಯೇ, ಹೈಕೋರ್ಟಿಗೆ ಎರಡನೇ ಅಪೀಲು, 90 ದಿನ. ಆರ್ಡರ್ 9 ರೂಲ್ 13ರ ಅರ್ಜಿ ವಜಾ ಆದರೆ ಆರ್ಡರ್ 43ರ ಕೆಳಗೆ ಮಿಸಲೇನಿಯಸ್ ಅಪೀಲು. ಯಾವುದೇ ಆಗಲಿ, ಆದೇಶ ಬಂದ ದಿನವೇ ನಕಲು ವಿಭಾಗದಲ್ಲಿ ಪ್ರಮಾಣೀಕೃತ ಪ್ರತಿಗೆ ಅರ್ಜಿ ಕೊಟ್ಟು, ಅರ್ಜಿ ನಂಬರ್ ಬರೆದಿಟ್ಟುಕೊಳ್ಳಿ.